ಘಟ್ಟದ ಹಳಿಯ ಮೇಲೊಂದು ಜೊತೆ

ಹಾಸನದಿಂದ ಆಲೂರು ದಾಟಿ ಬರುವ ರೈಲು ಸಕಲೇಶಪುರದಿಂದಾಚೆ ಘಟ್ಟ ಇಳಿಯತೊಡಗುತ್ತದೆ. ಸುಬ್ರಹ್ಮಣ್ಯ ರಸ್ತೆ ನಿಲ್ದಾಣದವರೆಗಿನ ಸುಮಾರು 55 ಕಿ.ಮೀ. ಹಾದಿಯಲ್ಲಿ 57 ಸುರಂಗಗಳಿವೆ. 1979ರಲ್ಲಿ ಆರಂಭವಾದ ಈ ಮಾರ್ಗದ ನಡುವೆ ಎಡಕುಮೇರಿ ಎಂಬ ನಿಲ್ದಾಣವಿದೆ. ನಿಲ್ದಾಣವಿದೆ, ಊರಿಲ್ಲ. ಸುತ್ತ ಕಾಡು; ಅಕ್ಕಿ, ತರಕಾರಿಗೂ ಸಿಬ್ಬಂದಿ ರೈಲನ್ನೇ ನೆಚ್ಚಬೇಕು.

ಮಳೆಗಾಲದಲ್ಲಿ ಆ ನೆಚ್ಚಿಕೆಯೂ ತಪ್ಪುವುದುಂಟು. 2024ರ ಜುಲೈ 26ರಂದು ಎಡಕುಮೇರಿ–ಕಡಗರವಳ್ಳಿ ನಡುವೆ ಗುಡ್ಡ ಕುಸಿದು ಹಲವು ದಿನ ರೈಲು ಸಂಚಾರ ನಿಂತಿತ್ತು. ಇಂಥ ಕುಸಿತವನ್ನು ಮೊದಲೇ ಕಂಡು ರೈಲು ತಡೆಯಲೆಂದು ಗಸ್ತಿನವರು ಸುರಿವ ಮಳೆಯಲ್ಲೂ ರಾತ್ರಿಯಿಡೀ ಹಳಿಯಗುಂಟ ನಡೆಯುತ್ತಾರೆ.

ಈ ನಡಿಗೆಗೆ ರೈಲ್ವೆಯ ಒಂದು ಹಳೆಯ ಕ್ರಮವಿದೆ. ತನ್ನ ಸರಹದ್ದಿನ ಕೊನೆಗೆ ಬಂದ ಗಸ್ತಿನವನು ಎದುರಿನಿಂದ ಬಂದವನೊಡನೆ ಗಸ್ತು ಪುಸ್ತಕ ಬದಲಾಯಿಸಿಕೊಳ್ಳಬೇಕು. ಇಬ್ಬರೂ ಪೂರ್ತಿ ನಡೆದದ್ದಕ್ಕೆ ಅದೇ ಸಾಕ್ಷಿ. ಎದುರಿನವನು ಬಾರದಿದ್ದರೆ? ಹಿಂದಿರುಗುವಂತಿಲ್ಲ, ಅವನು ಸಿಗುವವರೆಗೆ ಮುಂದೆ ನಡೆಯಬೇಕು.

ಹಳಿಯ ಸುರಕ್ಷತೆಗೆಂದು ಮಾಡಿದ ನಿಯಮವಿದು. ಆದರೂ ಕಗ್ಗತ್ತಲ ಕಾಡಿನಲ್ಲಿ ಒಂಟಿಯಾಗಿ ನಡೆಯುವವನಿಗೆ ಇದು ಬೇರೊಂದು ಧೈರ್ಯವನ್ನೂ ಕೊಡುತ್ತದೆ: ಹೊತ್ತಿಗೆ ತಾನು ತಲುಪದಿದ್ದರೆ ಹುಡುಕಿ ಬರುವವನೊಬ್ಬನಿದ್ದಾನೆ.