ತೀರ್ಪು ಬಂದ ಮೇಲೆ

ವ್ಯಾಜ್ಯದಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬುದು ನಮ್ಮ ಜನರ ನಾಣ್ನುಡಿ. ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ತಾಲ್ಲೂಕುಗಳ ಬಡ ರೈತನೊಬ್ಬನು ಬೆಂಗಳೂರಿನ ಉಚ್ಚ ನ್ಯಾಯಾಲಯದವರೆಗೂ ಅಲೆದು, ತನ್ನ ಭೂಮಿಯ ಅರ್ಜಿಯನ್ನು ಗೊತ್ತಾದ ಅವಧಿಯೊಳಗೆ ತೀರ್ಮಾನಿಸತಕ್ಕುದೆಂಬ ಆಜ್ಞೆಯನ್ನು ತಂದನೆನ್ನೋಣ. ಆ ಆಜ್ಞೆಯು ಕಚೇರಿಯ ಕಡತವನ್ನು ಸೇರಿ ಅಲ್ಲಿಯೇ ಮಲಗಿದರೆ, ಅವನು ಗೆದ್ದುದೇನು?

ಶಾಸನವು ಈ ವಿಷಯದಲ್ಲಿ ಮೂಕವಾಗಿಲ್ಲ. ಆಜ್ಞೆಯನ್ನು ಬುದ್ಧಿಪೂರ್ವಕವಾಗಿ ಮೀರುವುದೂ ನ್ಯಾಯಾಲಯ ನಿಂದನೆಯೆಂದು 1971ರ ಅಧಿನಿಯಮವು ವಿಧಿಸಿದೆ. ಆರು ತಿಂಗಳವರೆಗಿನ ಸೆರೆಯನ್ನೂ 2,000 ರೂಪಾಯಿಗಳವರೆಗಿನ ದಂಡವನ್ನೂ ಗೊತ್ತುಮಾಡಿದೆ. ಆದರೆ ಉಲ್ಲಂಘನೆಯಾದ ಒಂದು ವರ್ಷದೊಳಗೆ ದೂರನ್ನು ತರಬೇಕು. “ನಾಳೆ ಬಾ” ಎಂಬ ಮಾತನ್ನು ನಂಬಿ ಕುಳಿತವನಿಗೆ ಈ ಗಡುವೇ ಗಂಡಾಂತರ. ತಾಲ್ಲೂಕಿನ ಸಿವಿಲ್ ನ್ಯಾಯಾಲಯವು ಕೊಟ್ಟ ತಡೆಯಾಜ್ಞೆಯನ್ನು ಮೀರಿದವನನ್ನಾದರೋ ಆ ನ್ಯಾಯಾಲಯವೇ ಮೂರು ತಿಂಗಳವರೆಗೆ ಸಿವಿಲ್ ಸೆರೆಯಲ್ಲಿಡಬಹುದು. ಅವನ ಆಸ್ತಿಯನ್ನು ಜಪ್ತಿ ಮಾಡಬಹುದು. ಇದನ್ನು ನಮ್ಮ ರೈತರು ಅರಿತಿರಬೇಕು.

ದೊಡ್ಡವರಿಗೆ ಈ ಶಾಸನವು ತಟ್ಟದೆಂಬುದು ಸುಳ್ಳು. ಸರ್ವೋಚ್ಚ ನ್ಯಾಯಾಲಯವು ಅರಣ್ಯ ಪ್ರಕರಣದಲ್ಲಿತ್ತ ಆಜ್ಞೆಯನ್ನು ಮೀರಿ ಮರ ಕೊಯ್ಯುವ ಕಾರ್ಖಾನೆಗಳಿಗೆ ಅನುಮತಿಯಿತ್ತುದಕ್ಕಾಗಿ, 2006ರ ಮೇ ತಿಂಗಳಲ್ಲಿ ಮಹಾರಾಷ್ಟ್ರದ ಮಂತ್ರಿ ಸ್ವರೂಪಸಿಂಗ್ ನಾಯಕರಿಗೂ ಅರಣ್ಯ ಇಲಾಖೆಯ ಪ್ರಧಾನ ಕಾರ್ಯದರ್ಶಿಗಳಿಗೂ ಒಂದು ತಿಂಗಳ ಸೆರೆವಾಸವು ಪ್ರಾಪ್ತವಾಯಿತು. ಆಜ್ಞೆಯು ಪಾಲನೆಯಾದರೆ ಫಲವೇನೆಂಬುದಕ್ಕೆ ಸಾಕ್ಷಿ ನೆರೆಯಲ್ಲಿಯೇ ಇದೆ. ಕುದುರೆಮುಖದ ಗಣಿಯ ವಿಷಯದಲ್ಲಿ 2002ರ ಅಕ್ಟೋಬರಿನಲ್ಲಿ ತೀರ್ಪಾಯಿತು. 2005ರ ಕೊನೆಗೆ ಗಣಿಗಾರಿಕೆಯು ನಿಂತು, ಭದ್ರೆಯ ನೀರಿಗೆ ಅದರ ಕೆಸರಿನಿಂದ ಬಿಡುಗಡೆಯಾಯಿತು.

ಗಾಂಧೀಜಿಯವರೂ ನ್ಯಾಯಾಲಯ ನಿಂದನೆಯ ಆರೋಪಕ್ಕೆ ಗುರಿಯಾಗಿದ್ದವರಲ್ಲವೆ ಎಂದು ಕೆಲವರು ಕೇಳಬಹುದು. ನಿಜ. ಅಹಮದಾಬಾದಿನ ಜಿಲ್ಲಾ ನ್ಯಾಯಾಧೀಶರ ಪತ್ರವೊಂದನ್ನು ‘ಯಂಗ್ ಇಂಡಿಯಾ’ದಲ್ಲಿ ಪ್ರಕಟಿಸಿದುದಕ್ಕಾಗಿ 1920ರಲ್ಲಿ ಮುಂಬಯಿ ಉಚ್ಚ ನ್ಯಾಯಾಲಯವು ಅವರಿಗೆ ಕಠಿಣವಾದ ಎಚ್ಚರಿಕೆಯನ್ನಿತ್ತಿತು. ಆದರೆ ಅವರು ತಮ್ಮ ಕಾರ್ಯವನ್ನು ಮುಚ್ಚಿಡಲಿಲ್ಲ. ಒಪ್ಪಿ, ಶಿಕ್ಷೆಗೆ ಸಿದ್ಧರಾಗಿ ನಿಂತರು. ಆಜ್ಞೆಯನ್ನು ಕಡತದಲ್ಲಿ ಹುದುಗಿಸಿ ತಾನು ಬಚ್ಚಿಟ್ಟುಕೊಳ್ಳುವ ಅಧಿಕಾರಿಗೆ ಆ ಹೆಸರನ್ನು ಹೇಳುವ ಹಕ್ಕಿಲ್ಲ.

ತೀರ್ಪು ತಪ್ಪೆಂದು ತೋರಿದರೆ ಮೇಲ್ಮನವಿಯ ಮಾರ್ಗವುಂಟು. ಆದರೆ ಮೇಲ್ಮನವಿ ಹಾಕಿದ ಮಾತ್ರಕ್ಕೆ ಆಜ್ಞೆಯು ನಿಲ್ಲದು, ತಡೆಯನ್ನು ಪಡೆಯಬೇಕು. ಅವಧಿಯು ಸಾಲದಿದ್ದರೆ ಅವಧಿಯನ್ನು ಬೇಡಬೇಕು. ಈ ಎರಡನ್ನೂ ಮಾಡದೆ ಸುಮ್ಮನಿರುವುದು ಆಡಳಿತವಲ್ಲ. ಒತ್ತುವರಿಯನ್ನು ತೆರವುಮಾಡೆಂಬ ಆಜ್ಞೆಯಾದಾಗ ತೋಟದ ಧನಿಕರಿಗೂ ಇದೇ ಧರ್ಮ. ತಮಗೆ ಒಪ್ಪಿದ ತೀರ್ಪನ್ನು ಮಾತ್ರ ಪಾಲಿಸುವುದು ಪಾಲನೆಯಲ್ಲ.

ನಮ್ಮ ಸಲಹೆಯು ಸರಳವಾದುದು. ಪ್ರತಿಯೊಂದು ತಾಲ್ಲೂಕು ಕಚೇರಿಯಲ್ಲಿಯೂ ನ್ಯಾಯಾಲಯದ ಆಜ್ಞೆಗಳಿಗೆಂದೇ ಒಂದು ಪುಸ್ತಕವಿರಲಿ; ಆಜ್ಞೆಯು ತಲಪಿದ ದಿನ, ಗಡುವು, ಹೊಣೆಗಾರ ಅಧಿಕಾರಿ ಇವು ಅದರಲ್ಲಿ ದಾಖಲಾಗಲಿ; ಸಾರ್ವಜನಿಕರು ಅದನ್ನು ನೋಡುವಂತಾಗಲಿ. ನಿಂದನೆಯ ಮೊಕದ್ದಮೆಯು ಕಟ್ಟಕಡೆಯ ಔಷಧ. ಮಲೆನಾಡಿನ ರೈತನು ಒಂದೇ ನ್ಯಾಯಕ್ಕಾಗಿ ಎರಡು ಸಲ ಬೆಂಗಳೂರಿಗೆ ಹೋಗುವಂತಾಗಬಾರದು.