ಹರಳಿನ ಗಿಡಕ್ಕೆ ಕೂಳೆ ಬರುತ್ತಾ?

ಕಾಲೇಜಿನ ವಾರ್ಷಿಕ ಸಂಚಿಕೆಗೆ ಕಥೆ ಕೊಡುತ್ತೇನೆಂದು ಒಪ್ಪಿಕೊಂಡಿದ್ದೆ. ಇಂಟರ್ನಲ್ಸ್ ಮುಗಿದ ರಾತ್ರಿಯೇ ಕೂತು ನಾಲ್ಕು ಪುಟ ಬರೆದೆ. ದೂರದ ಒಂದು ಗ್ರಹ. ಅಲ್ಲಿ ಎಲೆಯಿಲ್ಲ, ಹೂವಿಲ್ಲ. ಕಾಡಿನ ತುಂಬ ನೀಲಿ, ಹಸಿರು ಹರಳಿನ ಗಿಡಗಳು. ಗಾಳಿ ಬೀಸಿದರೆ ಗಾಜಿನ ಬಳೆಯ ಸದ್ದು. ರೂಮ್‌ಮೇಟ್‌ಗೆ ಓದಲು ಕೊಟ್ಟೆ. 'ಚೆನ್ನಾಗಿದೆ ಕಣೇ. ಆದ್ರೆ ಇವನ್ನ ಗಿಡ ಅಂತ ಯಾಕಂತೀಯ? ಶೋಕೇಸ್ ಇದ್ದಂಗಿದೆ' ಅಂದುಬಿಟ್ಟಳು.

ಕೋಪ ಬಂತು. ಏಕೆಂದರೆ ಅಂಥ ಗಿಡಗಳನ್ನು ನಾನು ಕಣ್ಣಾರೆ ಕಂಡಿದ್ದೆ. ಪಿಯುಸಿಯಲ್ಲಿ ಕೆಮಿಸ್ಟ್ರಿ ಮೇಡಂ ಬೀಕರಿಗೆ ಸೋಡಿಯಂ ಸಿಲಿಕೇಟ್ ದ್ರಾವಣ ಸುರಿದು, ಮೈಲುತುತ್ತ ಮತ್ತು ಅನ್ನಭೇದಿಯ ಹರಳುಗಳನ್ನು ಹಾಕಿದ್ದರು. ನೋಡನೋಡುತ್ತಿದ್ದಂತೆ ತಳದಿಂದ ನೀಲಿ, ಹಸಿರು ಕಾಂಡಗಳು ಎದ್ದವು. ಕೆಲವು ಕವಲೊಡೆದವು. ಇದಕ್ಕೆ 'ಕೆಮಿಕಲ್ ಗಾರ್ಡನ್' ಎಂದು ಹೆಸರು.

ಒಳಗೆ ನಡೆಯುವುದು ಇಷ್ಟೇ. ಹರಳು ಕರಗಲು ಶುರುವಾದೊಡನೆ ಅದರ ಸುತ್ತ ಲೋಹದ ಸಿಲಿಕೇಟಿನ ತೆಳುವಾದ ಪೊರೆ ಕಟ್ಟುತ್ತದೆ. ಆಸ್ಮಾಸಿಸ್‌ನಿಂದಾಗಿ ಹೊರಗಿನ ನೀರು ಪೊರೆಯೊಳಗೆ ನುಗ್ಗುತ್ತದೆ. ಒತ್ತಡ ಹೆಚ್ಚಿ ಪೊರೆ ಒಡೆಯುತ್ತದೆ. ಒಳಗಿನ ದ್ರಾವಣ ಹಗುರವಾದ್ದರಿಂದ ಮೇಲಕ್ಕೆ ಚಿಮ್ಮುತ್ತದೆ, ಅದರ ಸುತ್ತ ಮತ್ತೆ ಪೊರೆ. ಹೀಗೆ ಒಡೆಯುತ್ತ, ಕಟ್ಟುತ್ತ ಕಾಂಡ ಏರುತ್ತದೆ. 1646ರಲ್ಲೇ ಜರ್ಮನಿಯ ರಸಾಯನಶಾಸ್ತ್ರಜ್ಞ ಗ್ಲೌಬರ್ ಇದನ್ನು ವಿವರಿಸಿದ್ದ. 20ನೇ ಶತಮಾನದ ಆರಂಭದಲ್ಲಿ ಫ್ರಾನ್ಸಿನ ಸ್ಟೀಫನ್ ಲೆಡ್ಯೂಕ್ ಇಂಥವನ್ನೇ ಬೆಳೆಸಿ, ಜೀವಿಗಳ ಆಕಾರದ ಗುಟ್ಟು ಇಲ್ಲಿದೆ ಎಂದು ವಾದಿಸಿದ. ಇಷ್ಟೆಲ್ಲ ಇದ್ದೂ ನನ್ನದು ಶೋಕೇಸಾ?

ಆ ವಾರ ಮಂಡ್ಯ ಹತ್ತಿರದ ನಮ್ಮೂರಿಗೆ ಹೋದೆ. ಅಪ್ಪ ಕಬ್ಬಿಗೆ ನೀರು ಕಟ್ಟುತ್ತಿದ್ದರು. ಬದುವಿನ ಮೇಲೆ ಕೂತು ಬೀಕರಿನ ಕಥೆಯನ್ನೆಲ್ಲ ಹೇಳಿ, 'ಬೆಳೀತಿತ್ತು ಅಂದ್ಮೇಲೆ ಅದು ಗಿಡ ತಾನೇ?' ಅಂದೆ. ಅಪ್ಪ ಗುದ್ದಲಿ ನಿಲ್ಲಿಸಿ, 'ಹುತ್ತಾನೂ ಬೆಳೀತದೆ ಕಣವ್ವ. ಅದೇನು ಗಿಡವಾ? ಕುಯ್ದ ಮೇಲೆ ಕೂಳೆ ಬರ್ಬೇಕು' ಅಂದರು. ಕಬ್ಬು ಕಡಿದ ಮೇಲೆ ಬುಡದಿಂದ ಮತ್ತೆ ಚಿಗುರುವ ಬೆಳೆಯೇ ಕೂಳೆ.

ಮಾತಿಗೆ ಉತ್ತರ ಹೊಳೆಯದೆ ಕಬ್ಬಿನ ಗರಿ ಎಳೆದೆ. ಬೆರಳು ಕುಯ್ದುಕೊಂಡಿತು. ಕಬ್ಬಿನ ಗರಿ ಹೀಗೆ ಕುಯ್ಯುವುದಕ್ಕೆ ಅದರ ಅಂಚಿನ ಸಿಲಿಕಾ ಕಾರಣ. ಕಬ್ಬು, ಭತ್ತದಂಥ ಹುಲ್ಲುಜಾತಿಯ ಗಿಡಗಳು ಮಣ್ಣಿನ ನೀರಿನಲ್ಲಿ ಕರಗಿರುವ ಸಿಲಿಕಾವನ್ನು ಬೇರಿನಿಂದ ಹೀರಿ, ಎಲೆಯಲ್ಲಿ ಗಾಜಿನಂತೆ ಗಟ್ಟಿ ಮಾಡಿಕೊಳ್ಳುತ್ತವೆ. ಕಾಂಡಕ್ಕೆ ಬಲ ಬರುತ್ತದೆ, ಹುಳಕ್ಕೆ ಅಗಿಯಲು ಕಷ್ಟವಾಗುತ್ತದೆ. ಎಲೆ ಕೊಳೆತರೂ ಆ ಸೂಕ್ಷ್ಮ ಗಾಜಿನ ಚೂರುಗಳು ಮಣ್ಣಿನಲ್ಲಿ ಸಾವಿರಾರು ವರ್ಷ ಉಳಿಯಬಲ್ಲವು. ಅವುಗಳ ಆಕಾರ ನೋಡಿ, ಹಿಂದಿನವರು ಯಾವ ಬೆಳೆ ಬೆಳೆದಿದ್ದರೆಂದು ಪುರಾತತ್ವಜ್ಞರು ಪತ್ತೆ ಹಚ್ಚುತ್ತಾರೆ. ಗಾಜಿನ ಗಿಡ ಹುಡುಕಿಕೊಂಡು ನಾನು ಬೇರೆ ಗ್ರಹಕ್ಕೆ ಹೋಗಿದ್ದೆ, ಅದು ನಮ್ಮ ಗದ್ದೆಯಲ್ಲೇ ನಿಂತಿತ್ತು. ಆದರೆ ಉಳಿಯುವುದು ಗಾಜು, ಬದುಕಿದ್ದದ್ದು ಕೊಳೆತುಹೋದ ಭಾಗ!

ಹಾಸ್ಟೆಲ್‌ಗೆ ಬಂದು ಅಪ್ಪನ ಪರೀಕ್ಷೆಯನ್ನೇ ಹರಳಿಗೆ ಹಚ್ಚಿದೆ. ಸಿಕ್ಕಿಕೊಂಡೆ. ಕಲ್ಲುಸಕ್ಕರೆಯ ಹರಳನ್ನು ಮುರಿದು ಗಟ್ಟಿ ಪಾಕದಲ್ಲಿ ಬಿಟ್ಟರೆ ಮುರಿದ ಕಡೆ ಮತ್ತೆ ಬೆಳೆಯುತ್ತದೆ. ಅಂದರೆ ಹರಳಿಗೂ ಕೂಳೆ ಬರುತ್ತದೆ! ಹಾಗಾದರೆ ಕಬ್ಬಿಗೂ ಕಲ್ಲುಸಕ್ಕರೆಗೂ ಇರುವ ವ್ಯತ್ಯಾಸವೇನು?

ದಾರಿ ತೋರಿಸಿದ್ದು ಗ್ಲಾಸ್ಗೋದ ರಸಾಯನ ವಿಜ್ಞಾನಿ ಗ್ರಹಾಂ ಕೇರ್ನ್ಸ್-ಸ್ಮಿತ್. 1960ರ ದಶಕದಲ್ಲಿ ಅವರು ಒಂದು ವಿಚಿತ್ರ ವಾದ ಮುಂದಿಟ್ಟರು. ಜೇಡಿಮಣ್ಣಿನ ಹರಳುಗಳು ಬೆಳೆಯುವಾಗ ಅವುಗಳ ಜೋಡಣೆಯಲ್ಲಿ ಸಣ್ಣ ದೋಷಗಳು ಇರುತ್ತವೆ. ಆ ದೋಷ ಪದರದಿಂದ ಪದರಕ್ಕೆ, ಮುರಿದ ಚೂರಿನಿಂದ ಹೊಸ ಹರಳಿಗೆ ನಕಲಾಗುತ್ತಾ ಹೋದರೆ ಅದೇ ಒಂದು ಬಗೆಯ ವಂಶವಾಹಿ. ಭೂಮಿಯ ಮೇಲಿನ ಮೊದಲ ಜೀನ್ ಹೀಗೆ ಮಣ್ಣಿನದೇ ಇದ್ದಿರಬಹುದು ಎಂದರು. ಈ ವಾದ ಇನ್ನೂ ಸಾಬೀತಾಗಿಲ್ಲ. ಆದರೆ ನನ್ನ ಕಥೆಗೆ ಬೇಕಾದದ್ದು ಸಿಕ್ಕಿತು. ಕಲ್ಲುಸಕ್ಕರೆ ಎಷ್ಟು ಸಲ ಬೆಳೆದರೂ ಅದೇ ಕಲ್ಲುಸಕ್ಕರೆ. ತನ್ನ ತಪ್ಪನ್ನು ಮುಂದಿನದಕ್ಕೆ ದಾಟಿಸಿ, ಆ ತಪ್ಪಿನಿಂದಲೇ ಉಳಿಯುವುದೋ ಅಳಿಯುವುದೋ ತೀರ್ಮಾನವಾದರೆ ಅದು ಜೀವ.

ನಾಲ್ಕು ಪುಟ ಹರಿದು ಹಾಕಿದೆ. ಕೊಡಬೇಕಾದ ದಿನಕ್ಕೆ ಎರಡೇ ರಾತ್ರಿ ಉಳಿದಿತ್ತು. ಹೊಸ ಕಥೆಯಲ್ಲಿ ಗಿಡಗಳು ಅಷ್ಟೇನೂ ಚೆಂದವಿಲ್ಲ. ಬಿರುಗಾಳಿಗೆ ಮುರಿಯುತ್ತವೆ. ಬಿದ್ದ ಚೂರುಗಳಲ್ಲಿ ಹೆಚ್ಚಿನವು ಪುಡಿಯಾಗುತ್ತವೆ. ಒಂದು ಮಾತ್ರ, ಒಳಗೊಂದು ಓರೆಗೆರೆ ಇರುವ ಕಾರಣಕ್ಕೇ, ಗಾಳಿಗೆ ಬಗ್ಗಿ ಉಳಿದುಕೊಳ್ಳುತ್ತದೆ. ಅದರ ಮಕ್ಕಳಲ್ಲೂ ಅದೇ ಓರೆ.

ರೂಮ್‌ಮೇಟ್ ಈ ಸಲ ಶೋಕೇಸ್ ಅನ್ನಲಿಲ್ಲ. ಅಪ್ಪನಿಗೂ ಫೋನಿನಲ್ಲಿ ಓದಿ ಹೇಳಿದೆ. ಕೊನೆತನಕ ಸುಮ್ಮನೆ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದರು: 'ಅದಕ್ಕೆ ಹುಳ ಬೀಳಲ್ವವ್ವ?'

ಅದನ್ನು ಬರೆಯಲು ಮತ್ತೊಂದು ರಾತ್ರಿ ಬೇಕಾಯಿತು.