ಮನೆ ಸಾಲದ ನಿಜವಾದ ಬೆಲೆ: ಹಾಲಿನ ಲೆಕ್ಕದಲ್ಲಿ



‘ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು’ ಎಂಬುದು ನಮ್ಮ ಹಿರಿಯರು ಅನುಭವದಿಂದ ಆಡಿದ ಮಾತು. ಮಂಡ್ಯ, ಮದ್ದೂರು, ಮಳವಳ್ಳಿ ತಾಲ್ಲೂಕುಗಳ ಹಳ್ಳಿಗಳಲ್ಲಿ ಹೆಂಚಿನ ಮನೆಗಳ ಜಾಗದಲ್ಲಿ ಈಗ ತಾರಸಿ ಮನೆಗಳು ಏಳುತ್ತಿವೆ. ಕಬ್ಬಿನ ಹಣ ಬರುವುದು ವರ್ಷಕ್ಕೊಮ್ಮೆ, ಅದೂ ಕಾರ್ಖಾನೆಯವರು ಕೊಟ್ಟಾಗ. ರೇಷ್ಮೆಗೂಡಿನ ದರ ದಿನಕ್ಕೊಂದು. ತಪ್ಪದೆ ಕೈಗೆ ಬರುವ ಹಣವೆಂದರೆ ಹಾಲಿನ ಬಟವಾಡೆ. ಆದ್ದರಿಂದಲೇ ಮನೆ ಸಾಲದ ಕಂತಿನ ಭಾರ ಕೊನೆಗೆ ಹಸುವಿನ ಮೇಲೆಯೇ ಬೀಳುತ್ತದೆ.

ಸಾಲ ಕೇಳಲು ಹೋದಾಗ ನಾವು ಸಾಮಾನ್ಯವಾಗಿ ಎರಡು ಪ್ರಶ್ನೆ ಕೇಳುತ್ತೇವೆ. ಎಷ್ಟು ಸಾಲ ಕೊಡುತ್ತೀರಿ? ತಿಂಗಳಿಗೆ ಎಷ್ಟು ಕಟ್ಟಬೇಕು? ಮೂರನೆಯ ಪ್ರಶ್ನೆಯೊಂದಿದೆ: ಸಾಲ ತೀರುವ ಹೊತ್ತಿಗೆ ನಾನು ಒಟ್ಟು ಎಷ್ಟು ಕಟ್ಟಿರುತ್ತೇನೆ? ಈ ಪ್ರಶ್ನೆಯನ್ನು ಕೇಳುವವರು ಕಡಿಮೆ. ಅದರ ಉತ್ತರವನ್ನು ಇಲ್ಲಿ ಲೆಕ್ಕ ಸಮೇತ ವಿವರಿಸಲಾಗಿದೆ.

ಅವಧಿ ಹೆಚ್ಚಿದಂತೆ ಬಡ್ಡಿ ಹೆಚ್ಚು

ಒಬ್ಬ ಸದಸ್ಯರು 10 ಲಕ್ಷ ರೂಪಾಯಿ ಮನೆ ಸಾಲವನ್ನು ಶೇ. 9ರ ಬಡ್ಡಿಗೆ ತೆಗೆದುಕೊಂಡರೆಂದು ಇಟ್ಟುಕೊಳ್ಳೋಣ. ಅವಧಿಗೆ ತಕ್ಕಂತೆ ಲೆಕ್ಕ ಹೀಗಾಗುತ್ತದೆ:

10 ವರ್ಷ: ತಿಂಗಳ ಕಂತು 12,668 ರೂ. ಒಟ್ಟು ಬಡ್ಡಿ ಸುಮಾರು 5 ಲಕ್ಷ 20 ಸಾವಿರ ರೂ.
15 ವರ್ಷ: ತಿಂಗಳ ಕಂತು 10,143 ರೂ. ಒಟ್ಟು ಬಡ್ಡಿ ಸುಮಾರು 8 ಲಕ್ಷ 26 ಸಾವಿರ ರೂ.
20 ವರ್ಷ: ತಿಂಗಳ ಕಂತು 8,997 ರೂ. ಒಟ್ಟು ಬಡ್ಡಿ ಸುಮಾರು 11 ಲಕ್ಷ 59 ಸಾವಿರ ರೂ.

ಸಾಲ 5 ಲಕ್ಷವಾದರೆ ಇದರ ಅರ್ಧ ಮಾಡಿಕೊಳ್ಳಿ. ಹತ್ತು ವರ್ಷದ ಬದಲು ಇಪ್ಪತ್ತು ವರ್ಷ ಆರಿಸಿಕೊಂಡರೆ ತಿಂಗಳ ಕಂತಿನಲ್ಲಿ 3,671 ರೂಪಾಯಿ ಕಡಿಮೆಯಾಗುತ್ತದೆ. ಆದರೆ ಬಡ್ಡಿ ಎರಡರಷ್ಟನ್ನೂ ಮೀರುತ್ತದೆ. 10 ಲಕ್ಷದ ಮನೆಗೆ 21 ಲಕ್ಷ 59 ಸಾವಿರ ಕೊಟ್ಟಂತಾಗುತ್ತದೆ. ‘ಕಂತು ಕಡಿಮೆ’ ಎಂದು ಹೇಳಿದಾಗ ‘ಎಷ್ಟು ವರ್ಷ?’ ಎಂದು ಕೂಡಲೇ ಕೇಳಬೇಕು.

ಹಾಲಿನಲ್ಲಿ ಅಳೆದು ನೋಡಿ

ಲಕ್ಷಗಳ ಲೆಕ್ಕ ಮನಸ್ಸಿಗೆ ಬೇಗ ನಾಟುವುದಿಲ್ಲ. ಅದನ್ನು ಲೀಟರಿಗೆ ಇಳಿಸೋಣ. ಲೆಕ್ಕಕ್ಕಾಗಿ ಲೀಟರಿಗೆ 32 ರೂಪಾಯಿ ಎಂದು ಹಿಡಿಯೋಣ. ನಿಮಗೆ ಬರುವ ದರ ಬೇರೆಯಾದರೆ ಅದನ್ನೇ ಹಾಕಿಕೊಳ್ಳಿ.

20 ವರ್ಷದ ಕಂತು 8,997 ಎಂದರೆ ದಿನಕ್ಕೆ 300 ರೂಪಾಯಿ. ಇದಕ್ಕೆ ದಿನಕ್ಕೆ ಸುಮಾರು ಒಂಬತ್ತೂವರೆ ಲೀಟರ್ ಹಾಲು ಬೇಕು. ಹಿಂಡಿ, ಮೇವು, ಔಷಧಿಗೆ ಹಾಲಿನ ಹಣದ ಅರ್ಧ ಹೋಗುತ್ತದೆಂದು ಹಿಡಿದರೆ, ಉಳಿಕೆಯಿಂದ ಕಂತು ಕಟ್ಟಲು ದಿನಕ್ಕೆ 19 ಲೀಟರ್ ಬೇಕಾಗುತ್ತದೆ. ಮನೆಯ ಊಟ, ಬಟ್ಟೆ, ಮಕ್ಕಳ ಶಾಲೆಯ ಖರ್ಚು ಇದರಲ್ಲಿ ಸೇರಿಲ್ಲ.

ಇನ್ನು ಬಡ್ಡಿಯನ್ನಷ್ಟೇ ತೆಗೆದುಕೊಳ್ಳಿ. ದಿನಕ್ಕೆ ಸರಾಸರಿ 10 ಲೀಟರಿನಂತೆ 300 ದಿನ ಕರೆಯುವ ಹಸು ಒಂದು ಸೂಲಿಗೆ 3,000 ಲೀಟರ್ ಕೊಡುತ್ತದೆ. 20 ವರ್ಷದ ಬಡ್ಡಿ 12 ಸೂಲಿನ ಹಾಲಿಗೆ ಸಮ. 10 ವರ್ಷದ್ದಾದರೆ ಐದೂವರೆ ಸೂಲು. ಖರ್ಚು ಕಳೆಯದೆ, ಪಾತ್ರೆಗೆ ಬಿದ್ದ ಹಾಲೆಲ್ಲ ಲೆಕ್ಕಕ್ಕೆ ಹಿಡಿದರೂ ಇಷ್ಟಾಗುತ್ತದೆ.

ಮೊದಲ ವರ್ಷಗಳ ಕಂತು ಎಲ್ಲಿಗೆ ಹೋಗುತ್ತದೆ?

ಹಿಂದೆ ಗದ್ದೆಯನ್ನು ಭೋಗ್ಯಕ್ಕೆ ಹಾಕುವ ಪದ್ಧತಿಯಿತ್ತು. ಸಾಲ ಕೊಟ್ಟವರು ಬಡ್ಡಿಗೆ ಬದಲಾಗಿ ಬೆಳೆ ಉಣ್ಣುತ್ತಿದ್ದರು. ಅಸಲು ಮಾತ್ರ ಹಾಗೆಯೇ ಉಳಿಯುತ್ತಿತ್ತು. ಮನೆ ಸಾಲದ ಮೊದಲ ವರ್ಷಗಳೂ ಹೆಚ್ಚುಕಡಿಮೆ ಹಾಗೆಯೇ.

ಮೇಲಿನ 20 ವರ್ಷದ ಸಾಲದಲ್ಲಿ ಮೊದಲ ತಿಂಗಳು ಕಟ್ಟುವ 8,997 ರೂಪಾಯಿಯಲ್ಲಿ 7,500 ಬಡ್ಡಿಗೆ ಹೋಗುತ್ತದೆ, ಅಸಲಿಗೆ 1,497 ಮಾತ್ರ. ಒಂದು ವರ್ಷ ತಪ್ಪದೆ ಕಟ್ಟಿದರೆ 1 ಲಕ್ಷ 8 ಸಾವಿರ ಕಟ್ಟಿದಂತಾಗುತ್ತದೆ. ಅಸಲು ಇಳಿಯುವುದು ಸುಮಾರು 18,700 ರೂಪಾಯಿ. ಹತ್ತು ವರ್ಷ ಕಟ್ಟಿದ ಮೇಲೆ ನೋಡಿದರೆ, ಕಟ್ಟಿರುವ ಹಣ 10 ಲಕ್ಷ 80 ಸಾವಿರ. ಇನ್ನೂ ಬಾಕಿ ಇರುವ ಅಸಲು 7 ಲಕ್ಷ 10 ಸಾವಿರ.

ಇದು ಬ್ಯಾಂಕಿನವರು ಮಾಡುವ ಮೋಸವಲ್ಲ. ಪ್ರತಿ ತಿಂಗಳೂ ಉಳಿದ ಅಸಲಿನ ಮೇಲೆ ಬಡ್ಡಿ ಹಾಕುತ್ತಾರೆ. ಆರಂಭದಲ್ಲಿ ಅಸಲು ದೊಡ್ಡದಾದ್ದರಿಂದ ಬಡ್ಡಿಯೂ ದೊಡ್ಡದು. ಇದರಿಂದ ತಿಳಿಯಬೇಕಾದ್ದು ಒಂದಿದೆ: ಆರಂಭದ ವರ್ಷಗಳಲ್ಲಿ ಅಸಲಿಗೆ ಹೆಚ್ಚಾಗಿ ಕಟ್ಟಿದ ಪ್ರತಿ ರೂಪಾಯಿ ಮುಂದಿನ ಎಲ್ಲ ವರ್ಷಗಳ ಬಡ್ಡಿಯನ್ನು ಉಳಿಸುತ್ತದೆ. ಕೊನೆಯ ವರ್ಷಗಳಲ್ಲಿ ಕಟ್ಟಿದರೆ ಉಳಿತಾಯ ಅಲ್ಪ.

ಬಡ್ಡಿ ದರ ಬದಲಾದಾಗ ಎಚ್ಚರ

ಇಂದಿನ ಹೆಚ್ಚಿನ ಮನೆ ಸಾಲಗಳ ಬಡ್ಡಿ ಸ್ಥಿರವಲ್ಲ. 2019ರ ಅಕ್ಟೋಬರ್ 1ರಿಂದ ವಾಣಿಜ್ಯ ಬ್ಯಾಂಕುಗಳು ಬದಲಾಗುವ ಬಡ್ಡಿಯ ಹೊಸ ಮನೆ ಸಾಲಗಳನ್ನು ಹೊರಗಿನ ಒಂದು ದರಕ್ಕೆ ಜೋಡಿಸಿವೆ. ಸಾಮಾನ್ಯವಾಗಿ ಅದು ರಿಸರ್ವ್ ಬ್ಯಾಂಕಿನ ರೆಪೋ ದರ. 2022ರ ಮೇ ತಿಂಗಳ ಆರಂಭದಲ್ಲಿ ಶೇ. 4 ಇದ್ದ ರೆಪೋ ದರ 2023ರ ಫೆಬ್ರವರಿಗೆ ಶೇ. 6.5ಕ್ಕೆ ಏರಿತು. 2025ರಲ್ಲಿ ಮತ್ತೆ ಇಳಿಯಿತು. ಅದರೊಂದಿಗೆ ಮನೆ ಸಾಲದ ಬಡ್ಡಿಯೂ ಏರಿ ಇಳಿಯಿತು.

ದರ ಏರಿದಾಗ ಕಂತನ್ನು ಹಾಗೆಯೇ ಬಿಟ್ಟು ಅವಧಿಯನ್ನು ಉದ್ದ ಮಾಡುವುದುಂಟು. ಕಂತು ಬದಲಾಗದ ಕಾರಣ ಸಾಲಗಾರರ ಗಮನಕ್ಕೆ ಇದು ಬರುವುದೇ ಇಲ್ಲ. ನಮ್ಮ ಉದಾಹರಣೆಯ ಸಾಲಕ್ಕೆ ಆರಂಭದಲ್ಲೇ ಬಡ್ಡಿ ಶೇ. 9ರಿಂದ ಶೇ. 10ಕ್ಕೆ ಏರಿತೆಂದುಕೊಳ್ಳಿ. ಕಂತು 8,997ರಲ್ಲೇ ಉಳಿದರೆ ಸಾಲ ತೀರಲು 26 ವರ್ಷ 2 ತಿಂಗಳು ಬೇಕು. ಕಂತನ್ನು 653 ರೂಪಾಯಿ ಹೆಚ್ಚಿಸಿ 9,650 ಮಾಡಿಕೊಂಡರೆ 20 ವರ್ಷದಲ್ಲೇ ತೀರುತ್ತದೆ. ಈ ಎರಡು ದಾರಿಗಳ ನಡುವಿನ ಅಂತರ ಸುಮಾರು 5 ಲಕ್ಷ 10 ಸಾವಿರ ರೂಪಾಯಿ.

ಈ ವಿಷಯದಲ್ಲಿ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕು ಆದೇಶ ಹೊರಡಿಸಿದೆ. ದರ ಬದಲಾದಾಗ ಕಂತು ಹೆಚ್ಚಿಸಬೇಕೇ, ಅವಧಿ ಹೆಚ್ಚಿಸಬೇಕೇ ಎಂಬ ಆಯ್ಕೆಯನ್ನು ಸಾಲಗಾರರಿಗೆ ಕೊಡಬೇಕು. ಕಟ್ಟಿದ ಅಸಲು, ಬಡ್ಡಿ, ಉಳಿದ ಕಂತುಗಳ ವಿವರವನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕು. ಆದ್ದರಿಂದ ‘ನನ್ನ ಸಾಲ ಈಗ ಯಾವ ವರ್ಷಕ್ಕೆ ತೀರುತ್ತದೆ?’ ಎಂದು ಕೇಳುವುದು ನಿಮ್ಮ ಹಕ್ಕು. ದರ ಇಳಿದಾಗ ಕಂತನ್ನು ಇಳಿಸಿಕೊಳ್ಳಬೇಡಿ. ಹಳೆಯ ಕಂತನ್ನೇ ಕಟ್ಟುತ್ತ ಹೋದರೆ ವರ್ಷಗಳು ಕಡಿಮೆಯಾಗುತ್ತವೆ.

ಕಂತಿನಲ್ಲಿ ಕಾಣದ ಖರ್ಚುಗಳು

1. ಅರ್ಜಿ ಶುಲ್ಕ, ವಕೀಲರ ಅಭಿಪ್ರಾಯ, ಇಂಜಿನಿಯರ್ ಅಂದಾಜು, ಅಡಮಾನ ಪತ್ರದ ಮುದ್ರಾಂಕ ಮತ್ತು ನೋಂದಣಿ. ಸಾಲದ ಹಣ ಕೈಗೆ ಬರುವ ಮೊದಲೇ ಇವು ಕೈಯಿಂದ ಹೋಗುತ್ತವೆ.

2. ವಿಮೆಯ ಕಂತು. ದುಡಿಯುವವರು ತೀರಿಕೊಂಡರೆ ಮನೆ ಉಳಿಯಲೆಂದು ವಿಮೆ ಇರುವುದು ಒಳ್ಳೆಯದೇ. ಆದರೆ ಅದರ ಹಣವನ್ನು ಸಾಲಕ್ಕೇ ಸೇರಿಸಿದರೆ ಅದಕ್ಕೂ ಬಡ್ಡಿ ಬೆಳೆಯುತ್ತದೆ. 30,000 ರೂಪಾಯಿಯ ವಿಮೆ ಶೇ. 9ರಂತೆ 20 ವರ್ಷಕ್ಕೆ ಸುಮಾರು 64,800 ರೂಪಾಯಿ ಆಗುತ್ತದೆ. ಸಾಧ್ಯವಾದರೆ ಕೈಯಿಂದಲೇ ಕಟ್ಟಿ.

3. ಕೆಲಸ ನಿಂತ ಮನೆಯ ಬಡ್ಡಿ. ಬ್ಯಾಂಕು ತಳಪಾಯ, ಗೋಡೆ, ತಾರಸಿ ಎಂದು ಹಂತ ಹಂತವಾಗಿ ಹಣ ಬಿಡುತ್ತದೆ. ಪೂರ್ತಿ ಕಂತು ಆರಂಭವಾಗುವವರೆಗೆ ಬಿಟ್ಟ ಹಣಕ್ಕೆ ಬಡ್ಡಿ ಮಾತ್ರ ಕಟ್ಟುವ ಪದ್ಧತಿಯಿದೆ. 6 ಲಕ್ಷ ಬಿಡುಗಡೆಯಾಗಿ ತಾರಸಿಯ ಹಂತದಲ್ಲಿ ಕೆಲಸ ಒಂದು ವರ್ಷ ನಿಂತರೆ 54,000 ರೂಪಾಯಿ ಬಡ್ಡಿ ಹೋಗುತ್ತದೆ, ಅಸಲಿನಲ್ಲಿ ಒಂದು ರೂಪಾಯಿಯೂ ಇಳಿಯದು. ಮರಳು, ಸಿಮೆಂಟು, ಕೂಲಿಯ ಅಂದಾಜು ಸರಿ ಮಾಡಿಕೊಂಡೇ ಗುದ್ದಲಿ ಪೂಜೆ ಮಾಡುವುದು ಲೇಸು.

4. ‘ಫ್ಲಾಟ್’ ಬಡ್ಡಿ. ಕೆಲವು ಖಾಸಗಿ ಫೈನಾನ್ಸಿನವರು ಕೊನೆಯವರೆಗೂ ಪೂರ್ತಿ ಅಸಲಿನ ಮೇಲೆಯೇ ಬಡ್ಡಿ ಹಾಕುತ್ತಾರೆ. 1 ಲಕ್ಷಕ್ಕೆ 5 ವರ್ಷ ಶೇ. 9ರ ಫ್ಲಾಟ್ ಬಡ್ಡಿ ಎಂದರೆ 45,000 ರೂಪಾಯಿ. ಉಳಿದ ಅಸಲಿಗೆ ಮಾತ್ರ ಬಡ್ಡಿ ಹಾಕುವ ಕಡೆ ಅದೇ ಶೇ. 9ಕ್ಕೆ 24,550 ರೂಪಾಯಿ. ಹೇಳುವ ದರ ಒಂದೇ, ಬೆಲೆ ಬೇರೆ. ಆ ಫ್ಲಾಟ್ ಬಡ್ಡಿ ನಿಜವಾಗಿ ಶೇ. 15ನ್ನೂ ದಾಟುತ್ತದೆ.

ಇವೆಲ್ಲವನ್ನೂ ಒಂದೇ ಕಡೆ ನೋಡಲು ಈಗ ದಾರಿಯಿದೆ. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಸಾಲಗಳಿಗೆ ‘ಕೆ.ಎಫ್.ಎಸ್.’ ಎಂಬ ಮುಖ್ಯ ವಿವರಗಳ ಪತ್ರವನ್ನು ಸಾಲಗಾರರಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕೆಂದು ರಿಸರ್ವ್ ಬ್ಯಾಂಕು ಕಡ್ಡಾಯ ಮಾಡಿದೆ. ಶುಲ್ಕಗಳನ್ನೂ ಸೇರಿಸಿ ಲೆಕ್ಕ ಹಾಕಿದ ವಾರ್ಷಿಕ ದರ ಮತ್ತು ಪ್ರತಿ ಕಂತಿನ ಅಸಲು–ಬಡ್ಡಿ ಪಟ್ಟಿ ಅದರಲ್ಲಿರುತ್ತದೆ. ಕನ್ನಡದಲ್ಲಿಯೇ ಕೇಳಿ ಪಡೆಯಿರಿ. ಮನೆಗೆ ತಂದು, ಓದು ಬಲ್ಲ ಮಕ್ಕಳಿಂದ ಓದಿಸಿ, ಆಮೇಲೆ ಸಹಿ ಮಾಡಿ.

ಹಾಗಾದರೆ ಸಾಲ ಮಾಡಬಾರದೇ?

ಹಾಗೇನೂ ಇಲ್ಲ. ಕೈಸಾಲದ ಬಡ್ಡಿ ನೂರಕ್ಕೆ ತಿಂಗಳಿಗೆ 2 ರೂಪಾಯಿ ಎಂದರೆ ವರ್ಷಕ್ಕೆ ಶೇ. 24. ಆ ದರದಲ್ಲಿ 10 ಲಕ್ಷಕ್ಕೆ ತಿಂಗಳಿಗೆ 20,000 ಬಡ್ಡಿಯೇ ಆಗುತ್ತದೆ. ಅದಕ್ಕೆ ಹೋಲಿಸಿದರೆ ಬ್ಯಾಂಕಿನ ಸಾಲ ಎಷ್ಟೋ ಮೇಲು. ಇಪ್ಪತ್ತು ವರ್ಷದ ನಂತರದ ರೂಪಾಯಿಗೆ ಇಂದಿನ ಬೆಲೆ ಇರುವುದಿಲ್ಲವೆಂಬುದೂ ನಿಜ. ಸೋರುವ ಮನೆಯಲ್ಲಿ ಮಕ್ಕಳನ್ನು ಇಟ್ಟುಕೊಂಡು ಹತ್ತು ವರ್ಷ ಹಣ ಕೂಡಿಸುವುದೂ ಎಲ್ಲರಿಗೆ ಆಗದು.

ಬ್ಯಾಂಕಿನ ಸಾಲ ಸಿಗಬೇಕಾದರೆ ಗ್ರಾಮಠಾಣಾ ನಿವೇಶನದ ಇ-ಸ್ವತ್ತು ನಮೂನೆ 9 ಮತ್ತು 11, ಋಣಭಾರ ಪತ್ರ ಮೊದಲಾದ ದಾಖಲೆ ಸರಿಯಿರಬೇಕು. ಅಣ್ಣತಮ್ಮಂದಿರ ನಡುವೆ ಬಾಯಿಮಾತಿನಲ್ಲಿ ಪಾಲಾದ ಜಾಗಕ್ಕೆ, ಭೂಪರಿವರ್ತನೆಯಾಗದ ಜಮೀನಿಗೆ ಬ್ಯಾಂಕಿನ ಮನೆ ಸಾಲ ಸಿಗುವುದು ಕಷ್ಟ. ಆಗ ಹೆಚ್ಚು ಬಡ್ಡಿಯವರ ಬಾಗಿಲಿಗೆ ಹೋಗಬೇಕಾಗುತ್ತದೆ. ಆದ್ದರಿಂದ ಕಾಗದಪತ್ರ ಸರಿಮಾಡಿಸಿಕೊಳ್ಳುವುದೇ ಬಡ್ಡಿ ಉಳಿಸುವ ಮೊದಲ ಕೆಲಸ.

ಹೈನುಗಾರಿಕೆ ನಂಬಿದವರಿಗೆ ತಕ್ಕ ಕ್ರಮ

ಸಂಬಳದಾರರ ವರಮಾನ ತಿಂಗಳು ತಿಂಗಳೂ ಒಂದೇ. ನಮ್ಮದು ಹಾಗಲ್ಲ. ಹಸು ಈಯುವ ಮೊದಲು ಎರಡು ತಿಂಗಳು ಹಾಲು ಬಿಡಿಸಬೇಕು. ಗರ್ಭ ನಿಲ್ಲದಿದ್ದರೆ ಆ ದಿನಗಳು ಇನ್ನೂ ಉದ್ದವಾಗುತ್ತವೆ. 2022ರಲ್ಲಿ ಬಂದ ಚರ್ಮಗಂಟು ರೋಗ ರಾಜ್ಯದ ಎಷ್ಟೋ ಕೊಟ್ಟಿಗೆಗಳಲ್ಲಿ ಹಾಲು ಇಳಿಸಿತು. ಕಂತಿಗೆ ಇದಾವುದೂ ಗೊತ್ತಿರುವುದಿಲ್ಲ. ಆದ್ದರಿಂದ ಈ ಕ್ರಮಗಳನ್ನು ಅನುಸರಿಸುವುದು ಸೂಕ್ತ:

1. ಒಂದು ಹಸು ಬತ್ತಿರುವ ತಿಂಗಳ ಬಟವಾಡೆಯಿಂದ ಕಟ್ಟಬಹುದಾದಷ್ಟು ಕಂತನ್ನು ಮಾತ್ರ ಒಪ್ಪಿಕೊಳ್ಳಿ. ಹಾಲು ಹೆಚ್ಚಿರುವ ತಿಂಗಳನ್ನು ನೋಡಿ ಲೆಕ್ಕ ಹಾಕಬೇಡಿ.

2. ಮೂರು ಕಂತಿನಷ್ಟು ಹಣ ಉಳಿತಾಯ ಖಾತೆಯಲ್ಲಿ ಸದಾ ಇರಲಿ.

3. ಸಂಘದ ಬೋನಸ್, ಕರು ಮಾರಿದ ಹಣ, ಕಬ್ಬಿನ ಬಿಲ್ಲು ಬಂದಾಗ ಸ್ವಲ್ಪವನ್ನು ಅಸಲಿಗೆ ಕಟ್ಟಿ. ನಮ್ಮ ಉದಾಹರಣೆಯ 20 ವರ್ಷದ ಸಾಲಕ್ಕೆ ವರ್ಷಕ್ಕೆ 12,000 ರೂಪಾಯಿ ಹೆಚ್ಚಾಗಿ ಕಟ್ಟಿದರೆ, ಅದು 15 ವರ್ಷ 9 ತಿಂಗಳಿಗೆ ತೀರುತ್ತದೆ. ಉಳಿಯುವ ಬಡ್ಡಿ ಸುಮಾರು 2 ಲಕ್ಷ 87 ಸಾವಿರ. ‘ಇದನ್ನು ಅಸಲಿಗೆ ಹಾಕಿ, ಅವಧಿ ಕಡಿಮೆ ಮಾಡಿ’ ಎಂದು ಬರವಣಿಗೆಯಲ್ಲಿ ಕೊಟ್ಟು ರಸೀದಿ ಪಡೆಯಿರಿ. ಬದಲಾಗುವ ಬಡ್ಡಿಯ ಮನೆ ಸಾಲವನ್ನು ಮೊದಲೇ ತೀರಿಸಿದರೆ ದಂಡ ಹಾಕಬಾರದೆಂದು ರಿಸರ್ವ್ ಬ್ಯಾಂಕು 2012ರಲ್ಲೇ ಬ್ಯಾಂಕುಗಳಿಗೆ ಆದೇಶಿಸಿದೆ.

4. ಕಂತು ಕಟ್ಟಲು ಹಿಂಡಿ ಕಡಿಮೆ ಮಾಡಬೇಡಿ, ಕರೆಯುವ ಹಸುವನ್ನು ಮಾರಬೇಡಿ. ಮುಂದಿನ ಕಂತು ಬರಬೇಕಾದ್ದು ಅದೇ ಹಸುವಿನಿಂದ.

5. ಕಂತು ತಪ್ಪುವ ಸೂಚನೆ ಕಂಡರೆ ಮೊದಲೇ ಬ್ಯಾಂಕಿಗೆ ಹೋಗಿ ಮಾತನಾಡಿ. 90 ದಿನ ಬಾಕಿ ಉಳಿದರೆ ಸಾಲ ಸುಸ್ತಿಯೆಂದು ಪರಿಗಣಿತವಾಗುತ್ತದೆ. ಆ ಮೇಲೆ 2002ರ ಸರ್ಫೇಸಿ ಕಾಯ್ದೆಯಂತೆ 60 ದಿನಗಳ ನೋಟೀಸು ಕೊಟ್ಟು, ಅಡಮಾನವಾದ ಮನೆಯನ್ನು ವಶಕ್ಕೆ ಪಡೆಯಲು ಅವಕಾಶವಿದೆ. ಒಂದು ಸಾಲ ತೀರಿಸಲು ಹೆಚ್ಚು ಬಡ್ಡಿಯ ಇನ್ನೊಂದು ಸಾಲ ಮಾಡುವುದು ಬೇಡ.

6. ಸಾಲ ಪೂರ್ತಿ ತೀರಿದ ಮೇಲೆ 30 ದಿನದೊಳಗೆ ಮೂಲ ದಾಖಲೆಗಳನ್ನು ಹಿಂದಿರುಗಿಸಬೇಕು. ಸಾಲ ಕೊಟ್ಟವರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ದಾಖಲೆ ಪಡೆದು, ಋಣಭಾರ ಪತ್ರದಲ್ಲಿ ಅಡಮಾನ ರದ್ದಾಗಿರುವುದನ್ನು ನೋಡಿಕೊಳ್ಳಿ.

2015ರಲ್ಲಿ ನಮ್ಮ ಜಿಲ್ಲೆಯಲ್ಲಿ ಸಾಲದ ಹೊರೆಯಿಂದ ಎಷ್ಟೋ ರೈತ ಕುಟುಂಬಗಳು ಮನೆಯ ಯಜಮಾನರನ್ನು ಕಳೆದುಕೊಂಡದ್ದನ್ನು ನಾವು ಮರೆಯುವಂತಿಲ್ಲ. ಸಾಲದ ವಿಚಾರವನ್ನು ಒಬ್ಬರೇ ಮನಸ್ಸಿನಲ್ಲಿಟ್ಟುಕೊಳ್ಳುವುದು ಒಳ್ಳೆಯದಲ್ಲ. ಗಂಡ ಹೆಂಡತಿ ಇಬ್ಬರೂ, ದೊಡ್ಡ ಮಕ್ಕಳಿದ್ದರೆ ಅವರೂ ಕುಳಿತು, ಹಾಲಿನ ಪಾಸ್‌ಪುಸ್ತಕವನ್ನು ಎದುರಿಗಿಟ್ಟುಕೊಂಡು ಕಳೆದ ಹನ್ನೆರಡು ತಿಂಗಳ ಬಟವಾಡೆಯನ್ನು ಕೂಡಿಸಿ ನೋಡಿ. ಕೊಟ್ಟಿಗೆಯ ಖರ್ಚು ಕಳೆಯಿರಿ. ಅತಿ ಕಡಿಮೆ ಹಣ ಬಂದ ತಿಂಗಳು ಯಾವುದೆಂದು ಗುರುತು ಹಾಕಿಕೊಳ್ಳಿ. ನಿಮ್ಮ ಮನೆ ಎಷ್ಟು ದೊಡ್ಡದಿರಬೇಕೆಂಬುದನ್ನು ಆ ತಿಂಗಳ ಲೆಕ್ಕದಿಂದ ನಿರ್ಧರಿಸಿ. ಇಂದು ಎರಡು ಕೋಣೆ ಕಟ್ಟಿ, ಸಾಲ ತೀರಿದ ಮೇಲೆ ಮೂರನೆಯದನ್ನು ಸೇರಿಸಿಕೊಂಡರೂ ಮನೆ ಮನೆಯೇ.